ಮಣ್ಣಿಲ್ಲ, ಕುಂಡವಿಲ್ಲ: ವಾಂಡಾ ಆರ್ಕಿಡ್ ಬದುಕುವ ಬಗೆ

ಮರದ ಪಟ್ಟಿಗಳ ಪುಟ್ಟ ಬುಟ್ಟಿ. ಅದರಿಂದ ಮೊಳದುದ್ದ ಜೋತುಬಿದ್ದ ಬೂದು ಬೇರುಗಳು. ಮೇಲೆ ಎರಡು ಸಾಲಿನಲ್ಲಿ ಎದುರುಬದುರಾಗಿ ಹೊರಟ ದಪ್ಪ ಪಟ್ಟಿ ಎಲೆಗಳು, ಅವುಗಳ ಕಂಕುಳಿನಿಂದ ಎದ್ದ ಒಂದು ದಂಟಿನ ತುಂಬ ನೀಲಿಯೋ ನೇರಳೆಯೋ ಎನ್ನಿಸುವ ಹೂವುಗಳು. ವಾಂಡಾ ಆರ್ಕಿಡ್ ಮನೆಗೆ ಬರುವುದು ಹೀಗೆ. ಬಂದ ದಿನವೇ ಏಳುವ ಪ್ರಶ್ನೆ, ಮಣ್ಣೇ ಇಲ್ಲದ ಗಿಡಕ್ಕೆ ನೀರು ಹಾಕುವುದೆಲ್ಲಿಗೆ? ಕನಿಕರಪಟ್ಟ ಯಾರೋ ಒಂದು ಕುಂಡ ತಂದು, ಮಣ್ಣು ತುಂಬಿ, ಬೇರುಗಳನ್ನೆಲ್ಲ ಒಳಗೆ ಹೂತುಬಿಡುತ್ತಾರೆ. ಕೆಲವೇ ವಾರಗಳಲ್ಲಿ ಬೇರು ಕೊಳೆತು, ಎಲೆ ಸುಕ್ಕುಗಟ್ಟಿ, ಗಿಡ ಹೋಗುತ್ತದೆ.

ಆರೈಕೆ ಸಾಲದೆ ಸಾಯುವ ವಾಂಡಾಗಳಿಗಿಂತ ಬೇರಿಗೆ ಗಾಳಿ ಸಿಗದೆ ಸಾಯುವವು ಹೆಚ್ಚು. ಈ ಗಿಡದ ಬೇರು ಹೇಗೆ ಕೆಲಸ ಮಾಡುತ್ತದೆ ಎಂಬುದೊಂದು ತಿಳಿದರೆ ನೀರು, ಗೊಬ್ಬರ, ಬುಟ್ಟಿ, ಕಾಯಿಲೆ ಎಲ್ಲಕ್ಕೂ ಉತ್ತರ ಅದರಿಂದಲೇ ಸಿಗುತ್ತದೆ.

ಹೆಸರು ನಮ್ಮದೇ

ಮರದ ಮೇಲೆ ಬೆಳೆದ ಗಿಡಕ್ಕೆಲ್ಲ ಕನ್ನಡದಲ್ಲಿ ಬಂದಣಿಕೆ, ಬಂದಳಿಕೆ ಎನ್ನುವ ರೂಢಿಯಿದೆ. ಸಂಸ್ಕೃತದಲ್ಲಿ ಅಂಥ ಗಿಡಕ್ಕೆ ವಂದಾ, ವಂದಾಕ. 18ನೇ ಶತಮಾನದ ಕೊನೆಯಲ್ಲಿ ಸಂಸ್ಕೃತ ವಿದ್ವಾಂಸ ವಿಲಿಯಂ ಜೋನ್ಸ್ ಈ ಹೆಸರನ್ನೇ ಎತ್ತಿಕೊಂಡು ಒಂದು ಆರ್ಕಿಡ್ಡಿನ ಬಗ್ಗೆ ಬರೆದ. 1820ರಲ್ಲಿ ಸಸ್ಯವಿಜ್ಞಾನಿ ರಾಬರ್ಟ್ ಬ್ರೌನ್ ಅದನ್ನು ಕುಲದ ಹೆಸರಾಗಿ ವಿಧಿವತ್ತಾಗಿ ಪ್ರಕಟಿಸಿದ. ಹಾಗಾಗಿ ಜಗತ್ತಿನೆಲ್ಲೆಡೆ ಈ ಗಿಡದ ಶಾಸ್ತ್ರೀಯ ಹೆಸರು ಇಂದು ವಾಂಡಾ.

ಕುಲ ಎಂದರೆ ಹತ್ತಿರದ ಸಂಬಂಧವಿರುವ ಹಲವು ಪ್ರಭೇದಗಳ ಗುಂಪು. ವಾಂಡಾ ಕುಲದಲ್ಲಿ ಈಗ 80ಕ್ಕೂ ಹೆಚ್ಚು ಪ್ರಭೇದಗಳನ್ನು ಎಣಿಸುತ್ತಾರೆ. ಭಾರತ, ಶ್ರೀಲಂಕಾ, ಹಿಮಾಲಯದ ತಪ್ಪಲಿನಿಂದ ಹಿಡಿದು ಮ್ಯಾನ್ಮಾರ್, ಥಾಯ್ಲೆಂಡ್, ಇಂಡೋನೇಷ್ಯಾ, ಫಿಲಿಪ್ಪೀನ್ಸ್ ದಾಟಿ ಆಸ್ಟ್ರೇಲಿಯಾದ ಉತ್ತರದ ಅಂಚಿನವರೆಗೆ ಇವುಗಳ ನೆಲೆ. ಎಲ್ಲವೂ ದಟ್ಟ ಮಳೆಕಾಡಿನವಲ್ಲ. ಭಾರತದ ವಾಂಡಾ ಟೆಸೆಲಾಟಾ ಒಣ ಬಯಲಿನ ಮರಗಳ ಮೇಲೂ ಬಿಸಿಲು ಕಾಯುತ್ತ ಕೂತಿರುತ್ತದೆ. ಜಪಾನಿನಲ್ಲಿ ಶತಮಾನಗಳಿಂದ ಸಾಕಿಕೊಂಡು ಬಂದ, ಅಂಗೈಯೊಳಗೆ ಹಿಡಿಸುವ ವಾಂಡಾ ಫಾಲ್ಕಾಟಾ ರಾತ್ರಿ ಪರಿಮಳ ಬೀರಿ, ಉದ್ದ ನಾಲಗೆಯ ಪತಂಗಗಳನ್ನು ಕರೆಯುತ್ತದೆ.

ಕೊಂಡ ಗಿಡದ ಹೆಸರಿನ ಚೀಟಿಯಲ್ಲಿ ಬೇರೆ ಹೆಸರು ಕಂಡರೆ ಗಾಬರಿ ಬೇಡ. ಆಸ್ಕೋಸೆಂಟ್ರಮ್, ನಿಯೋಫಿನೆಷಿಯಾ ಎಂದು ಬೇರೆ ಕುಲಗಳಾಗಿದ್ದವನ್ನು 2012ರಲ್ಲಿ ವಾಂಡಾದೊಳಗೆ ಸೇರಿಸಲಾಯಿತು. ಮಾರುವವರು ಮಾತ್ರ ಚಿಕ್ಕ ಹೂವಿನ ಸಂಕರಗಳನ್ನು ಇಂದಿಗೂ ಆಸ್ಕೋಸೆಂಡಾ ಎಂದೇ ಕರೆಯುತ್ತಾರೆ. ಇದಕ್ಕೆ ತಿರುಗುಮುರುಗಾದದ್ದು ಸಿಂಗಪುರದ ರಾಷ್ಟ್ರೀಯ ಹೂವಿನ ಕತೆ. 1893ರಲ್ಲಿ ದಾಖಲಾಗಿ, 1981ರಲ್ಲಿ ರಾಷ್ಟ್ರೀಯ ಹೂವಾದ ವಾಂಡಾ ಮಿಸ್ ಜೋಕಿಮ್ ಈಗ ಶಾಸ್ತ್ರದ ಲೆಕ್ಕದಲ್ಲಿ ವಾಂಡಾ ಅಲ್ಲ, ಪ್ಯಾಪಿಲಿಯೋನಾಂಥೆ. ಅದರ ಎಲೆ ಪಟ್ಟಿಯಂತಿರದೆ ಪೆನ್ಸಿಲಿನಂತೆ ದುಂಡಗಿರುತ್ತದೆ. ಅದನ್ನು ನಡುಬಿಸಿಲಲ್ಲಿ, ಗೂಟಕ್ಕೆ ಹಬ್ಬಿಸಿ ಬೆಳೆಸುತ್ತಾರೆ. ಈ ಲೇಖನದಲ್ಲಿ ಹೇಳಿದ ನೆರಳಿನ ಲೆಕ್ಕ ಪಟ್ಟಿ ಎಲೆಯ ವಾಂಡಾಕ್ಕೆ ಮಾತ್ರ.

ಮರದ ರಸ ಹೀರುತ್ತದೆಯೇ?

ಇಲ್ಲ. ಮರದ ಮೇಲೆ ಬದುಕುವ ಗಿಡಗಳಲ್ಲಿ ಎರಡು ಜಾತಿ. ನಿಜವಾದ ಬಂದಳಿಕೆ ಪರಾವಲಂಬಿ. ಅದರ ಬೇರು ಕೊಂಬೆಯ ತೊಗಟೆ ಸೀಳಿ ಒಳಗಿನ ನಾಳಕ್ಕೆ ಇಳಿದು ನೀರು, ಲವಣ ಕದಿಯುತ್ತದೆ. ವಾಂಡಾ ಅಪ್ಪುಸಸ್ಯ. ಅದರ ಬೇರು ತೊಗಟೆಯನ್ನು ಅಪ್ಪಿ ಹಿಡಿಯುತ್ತದೆ, ಒಳಗೆ ಇಳಿಯುವುದಿಲ್ಲ. ಮೊದಲನೆಯದು ಕನ್ನ ಕೊರೆಯುವ ಕಳ್ಳ, ಎರಡನೆಯದು ಮಹಡಿಯ ಮೇಲೆ ಸುಮ್ಮನೆ ಕೂತ, ಬಾಡಿಗೆ ಕೊಡದ ವಾಸಿಗ. ಸತ್ತ ಮರದ ತುಂಡಿಗೆ, ತಂತಿಗೆ, ಪ್ಲಾಸ್ಟಿಕ್ ಬುಟ್ಟಿಗೆ ಕಟ್ಟಿದರೂ ವಾಂಡಾ ಬದುಕುತ್ತದೆ ಎಂಬುದೇ ಇದಕ್ಕೆ ಸಾಕ್ಷಿ.

ಮರ ಏರಿದ್ದು ಬೆಳಕಿಗಾಗಿ. ಅದಕ್ಕೆ ತೆತ್ತ ಬೆಲೆ ದೊಡ್ಡದು. ಮೇಲೆ ಮಣ್ಣಿಲ್ಲ, ಅಂದರೆ ನೀರಿನ ದಾಸ್ತಾನಿಲ್ಲ. ಮಳೆ ಬಂದಾಗ ಕೆಲವು ನಿಮಿಷ ತೊಗಟೆಯ ಮೇಲೆ ನೀರು ಹರಿಯುತ್ತದೆ, ನಿಂತ ಕೂಡಲೇ ಗಾಳಿ ಬಿಸಿಲಿಗೆ ಒಣಗುತ್ತದೆ. ಹಲವು ಆರ್ಕಿಡ್‌ಗಳು ಬುಡದಲ್ಲಿ ಗೆಡ್ಡೆಯಂಥ ಊದಿದ ಕಾಂಡ ಬೆಳೆಸಿಕೊಂಡು ಅದರಲ್ಲಿ ನೀರು ಕೂಡಿಡುತ್ತವೆ. ವಾಂಡಾಕ್ಕೆ ಅದೂ ಇಲ್ಲ. ಒಂದೇ ಕಾಂಡ, ಒಂದೇ ಸುಳಿ, ವರ್ಷದಿಂದ ವರ್ಷಕ್ಕೆ ಮೇಲಕ್ಕೇ ಬೆಳೆಯುವುದು. ಆದ್ದರಿಂದ ಸಿಕ್ಕ ನೀರನ್ನು ಸಿಕ್ಕ ಕ್ಷಣದಲ್ಲೇ ಹಿಡಿದುಕೊಳ್ಳುವ ಹೊಣೆಯೆಲ್ಲ ಬೇರಿನ ಮೇಲೆ ಬಿದ್ದಿದೆ.

ಬೂದು ಬೇರು ಹಸಿರಾಗುವ ಹೊತ್ತು

ಒಣಗಿದ ವಾಂಡಾ ಬೇರನ್ನು ಹತ್ತಿರದಿಂದ ನೋಡಿ. ಪೆನ್ಸಿಲಿಗಿಂತ ತುಸು ತೆಳು, ಬೆಳ್ಳಿಯಂಥ ಬೂದು ಬಣ್ಣ, ಸುಣ್ಣ ಬಳಿದಂತೆ ಮಂಕು. ತುದಿಯ ಒಂದೆರಡು ಸೆಂಟಿಮೀಟರ್ ಮಾತ್ರ ನಯವಾಗಿ ಹಸಿರಾಗಿ, ಕೆಲವು ತಳಿಗಳಲ್ಲಿ ಕೆಂಗಂದಾಗಿ ಹೊಳೆಯುತ್ತದೆ. ಈಗ ಮೇಲಿನಿಂದ ಒಂದು ಚಮಚ ನೀರು ಸುರಿಯಿರಿ. ನೀರು ಹರಿದ ಜಾಡಿನುದ್ದಕ್ಕೂ ಬೂದು ಮಾಯವಾಗಿ ಹಸಿರು ಮೂಡುತ್ತದೆ. ಎಲ್ಲ ಕೆಲವು ಸೆಕೆಂಡುಗಳ ಕೆಲಸ.

ಆ ಬೂದು ಹೊದಿಕೆಯೇ ವೆಲಮೆನ್. ಸತ್ತ, ಟೊಳ್ಳಾದ ಜೀವಕೋಶಗಳ ಕೆಲವು ಪದರಗಳು ಸೇರಿದ ಸ್ಪಾಂಜು ಅದು. ಒಣಗಿದಾಗ ಕೋಶಗಳ ತುಂಬ ಗಾಳಿ, ಗಾಳಿ ಬೆಳಕನ್ನು ಚದುರಿಸುವುದರಿಂದ ಬೇರು ಬೆಳ್ಳಗೆ ಕಾಣುತ್ತದೆ. ನೀರು ತುಂಬಿದಾಗ ಪದರ ಪಾರದರ್ಶಕವಾಗಿ ಒಳಗಿನ ಹಸಿರು ತೋರುತ್ತದೆ. ಎಣ್ಣೆ ಬಿದ್ದ ಕಾಗದದ ಹಿಂದಿನ ಅಕ್ಷರ ಕಾಣುವಂತೆ. ಹೌದು, ಬೇರಿನೊಳಗೂ ಹರಿತ್ತು ಇದೆ, ಬೆಳಕು ಬಿದ್ದರೆ ಬೇರೂ ಒಂದಿಷ್ಟು ಅಡುಗೆ ಮಾಡಿಕೊಳ್ಳುತ್ತದೆ. ಬೇರನ್ನು ಹೂಳಬಾರದು ಎನ್ನುವುದಕ್ಕೆ ಇದೊಂದು ಕಾರಣ.

ವೆಲಮೆನ್ ನೀರನ್ನು ಹಿಡಿಯುತ್ತದೆ ಅಷ್ಟೆ, ಕುಡಿಯುವುದಿಲ್ಲ. ಅದರ ಒಳಗೆ ಗಟ್ಟಿ ಗೋಡೆಯ ಇನ್ನೊಂದು ಪದರವಿದೆ. ಆ ಗೋಡೆಯಲ್ಲಿ ಅಲ್ಲಲ್ಲಿ ಬಾಗಿಲಿನಂತೆ ಜೀವಂತ ಕೋಶಗಳು, ನೀರೂ ಲವಣವೂ ಅವುಗಳ ಮೂಲಕವೇ ನಿಧಾನವಾಗಿ ಒಳಹೋಗಬೇಕು. ಸ್ಪಾಂಜು ತುಂಬುವುದು ಕ್ಷಣದಲ್ಲಿ, ಗಿಡ ಕುಡಿಯುವುದು ಗಂಟೆಗಳಲ್ಲಿ. ಈ ಎರಡು ವೇಗಗಳ ವ್ಯತ್ಯಾಸ ನೆನಪಿಡಿ, ನೀರು ಕೊಡುವ ಕ್ರಮ ನಿಂತಿರುವುದು ಇದರ ಮೇಲೆಯೇ.

ಒದ್ದೆಯಾದ ಹಸಿರು ಬೇರಿನ ಮೇಲೆ ಅಲ್ಲಲ್ಲಿ ಸಣ್ಣ ಬಿಳಿ ಗೀಟುಗಳು ಉಳಿದಿರುತ್ತವೆ. ರೋಗವೆಂದು ಬಗೆದು ಔಷಧ ಹೊಡೆಯುವವರಿದ್ದಾರೆ. ಅವು ನೀರು ಹೊಗದ ಗಾಳಿಕಿಂಡಿಗಳು. ಬೇರಿನ ಮಿಕ್ಕ ಮೈಯೆಲ್ಲ ನೀರು ತುಂಬಿಕೊಂಡಿರುವಾಗ ಒಳಗಿನ ಜೀವಕೋಶ ಉಸಿರಾಡುವುದು ಇವುಗಳ ಮೂಲಕ. ಬೇರು ಮಣ್ಣಿನಲ್ಲೋ ಕೆಸರಾದ ತೆಂಗಿನ ನಾರಿನಲ್ಲೋ ಹೂತುಹೋದರೆ ವೆಲಮೆನ್ ಒಣಗುವುದೇ ಇಲ್ಲ. ಗಾಳಿ ಸಿಗದೆ ಒಳಗಿನ ಜೀವಂತ ಭಾಗ ಸಾಯುತ್ತದೆ, ಅದರ ಹಿಂದೆಯೇ ಕೊಳೆ ಬರುತ್ತದೆ. ಅಂಥ ಬೇರನ್ನು ಬೆರಳಲ್ಲಿ ಹಿಡಿದು ಮೆಲ್ಲಗೆ ಎಳೆದರೆ ಹೊರಸಿಪ್ಪೆ ಒದ್ದೆ ಕಾಲುಚೀಲದಂತೆ ಜಾರಿ ಬಂದು ಒಳಗೆ ದಾರದಂಥ ಎಳೆಯೊಂದು ಉಳಿಯುತ್ತದೆ. ಅದು ಸತ್ತ ಬೇರು, ಕತ್ತರಿಸಿ ಎಸೆಯಬಹುದು. ಗಟ್ಟಿಯಾಗಿರುವುದನ್ನು, ಎಷ್ಟೇ ಕುರೂಪವಾಗಿದ್ದರೂ, ಮುಟ್ಟಬೇಡಿ.

ರಾತ್ರಿ ಬಾಗಿಲು ತೆರೆಯುವ ಎಲೆ

ಬಹುಪಾಲು ಗಿಡಗಳು ಹಗಲು ಎಲೆಯ ರಂಧ್ರ ತೆರೆದು ಇಂಗಾಲದ ಡೈಆಕ್ಸೈಡ್ ಒಳಗೆ ತೆಗೆದುಕೊಳ್ಳುತ್ತವೆ, ಆ ದಾರಿಯಲ್ಲೇ ನೀರು ಆವಿಯಾಗಿ ಹೋಗುತ್ತದೆ. ದಪ್ಪ ಎಲೆಯ ವಾಂಡಾ ರಂಧ್ರ ತೆರೆಯುವುದು ಮುಖ್ಯವಾಗಿ ತಂಪಾದ ರಾತ್ರಿಯಲ್ಲಿ. ಒಳಗೆ ಬಂದ ಅನಿಲವನ್ನು ಮ್ಯಾಲಿಕ್ ಆಮ್ಲವಾಗಿಸಿ ಕೂಡಿಟ್ಟು, ಮರುದಿನ ಬಾಗಿಲು ಮುಚ್ಚಿಕೊಂಡು ಬಿಸಿಲಿನ ಬಲದಿಂದ ಸಕ್ಕರೆ ಮಾಡಿಕೊಳ್ಳುತ್ತದೆ. ಕಳ್ಳಿ, ಅನಾನಸ್ ಮಾಡುವುದೂ ಇದನ್ನೇ. ರಾತ್ರಿಯೂ ಸೆಕೆ ಇಳಿಯದ, ಒಣಗಾಳಿಯ ಮುಚ್ಚಿದ ಕೋಣೆಯಲ್ಲಿ ವಾಂಡಾ ಸೊರಗುವುದೇಕೆ ಎಂಬುದಕ್ಕೆ ಉತ್ತರದ ಅರ್ಧ ಇಲ್ಲಿದೆ.

ನೀರು: ತೋಯಿಸು, ಒಣಗಿಸು

ಸಮಯ ಬೆಳಗ್ಗೆ. ಮೊದಲ ಸುತ್ತು ನೀರು ಹೊಡೆದು ಬೇರುಗಳೆಲ್ಲ ಬುಡದಿಂದ ತುದಿಯವರೆಗೆ ಹಸಿರಾದವೇ ನೋಡಿ. ಐದು ನಿಮಿಷ ಬಿಟ್ಟು ಇನ್ನೊಂದು ಸುತ್ತು. ಮೊದಲ ಸುತ್ತಿನ ನೀರು ಸ್ಪಾಂಜನ್ನು ತುಂಬುತ್ತದೆ, ಅದರಿಂದ ಒಂದಿಷ್ಟು ಒಳಗಿಳಿಯುತ್ತದೆ, ಎರಡನೆಯದು ಖಾಲಿಯಾದಷ್ಟನ್ನು ಮತ್ತೆ ತುಂಬುತ್ತದೆ. ಐದು ಸೆಕೆಂಡು ತುಂತುರು ಹೊಡೆದು ಮುಗಿಸಿದರೆ ಬೇರಿನ ಒಂದು ಮಗ್ಗುಲು ಮಾತ್ರ ನೆಂದು, ಅರ್ಧ ಗಂಟೆಯೊಳಗೆ ಮತ್ತೆ ಬೂದಾಗಿರುತ್ತದೆ. ದಿನವೂ ನೀರು ಹಾಕುತ್ತೇವೆ, ಆದರೂ ಎಲೆ ಸುಕ್ಕಾಗಿದೆ ಎಂಬ ದೂರಿನ ಹಿಂದೆ ಸಾಮಾನ್ಯವಾಗಿ ಇದೇ ಇರುತ್ತದೆ.

ಸಿಂಪಡಿಸಲು ಆಗದಿದ್ದರೆ ಬಕೆಟಿನಲ್ಲಿ ಬೇರುಗಳನ್ನು 15–20 ನಿಮಿಷ ಮುಳುಗಿಸಿಡಿ. ಬೇರು ಮಾತ್ರ, ಕಾಂಡದ ಬುಡ ಮತ್ತು ಎಲೆಗಳ ಕಂಕುಳು ನೀರಿನ ಮೇಲಿರಲಿ. ಒಂದೇ ಬಕೆಟಿನಲ್ಲಿ ಹಲವು ಗಿಡ ಅದ್ದಬೇಡಿ, ಒಂದರ ಕೊಳೆರೋಗ ಎಲ್ಲಕ್ಕೂ ಹರಡುತ್ತದೆ. ಗಾಜಿನ ಹೂದಾನಿಯಲ್ಲಿ ಗಿಡ ಇಟ್ಟವರೂ ನೀರು ತುಂಬಿ, ಅಷ್ಟೇ ಹೊತ್ತು ಬಿಟ್ಟು, ಪೂರ್ತಿ ಚೆಲ್ಲಬೇಕು. ತಳದಲ್ಲಿ ಎರಡು ಬೆರಳು ನೀರು ಉಳಿಸುವುದು ಅಲಂಕಾರಕ್ಕೆ ಚೆನ್ನ, ಬೇರಿಗಲ್ಲ.

ಎಷ್ಟು ದಿನಕ್ಕೊಮ್ಮೆ ಎಂಬುದನ್ನು ಕ್ಯಾಲೆಂಡರಿಗಿಂತ ಬೇರಿನ ಬಣ್ಣವೇ ಚೆನ್ನಾಗಿ ಹೇಳುತ್ತದೆ. ಬುಟ್ಟಿಯಲ್ಲಿ ಬರಿಬೇರಿನಲ್ಲಿ ತೂಗಿದ ಗಿಡಕ್ಕೆ ಬೇಸಿಗೆಯಲ್ಲಿ ದಿನವೂ, ಗಾಳಿ ತೀರ ಒಣಗಿದ್ದರೆ ದಿನಕ್ಕೆರಡು ಸಲ. ಮೋಡ ಕವಿದ ತಂಪು ದಿನಗಳಲ್ಲಿ ಎರಡು ದಿನಕ್ಕೊಮ್ಮೆ. ಪರೀಕ್ಷೆ ಸುಲಭ, ಬೆಳಗ್ಗೆ ತೋಯಿಸಿದ ಬೇರು ಸಂಜೆಯೊಳಗೆ ಬೂದಾಗಿರಬೇಕು. ಮಧ್ಯಾಹ್ನಕ್ಕೆ ಮುಂಚೆಯೇ ಒಣಗಿ ಗರಿಗರಿಯಾದರೆ ನೀರು ಸಾಲದು. ಮರುದಿನವೂ ಹಸಿರಾಗಿಯೇ ಇದ್ದರೆ ಗಾಳಿಯಾಟ ಸಾಲದು, ಅಂಥ ದಿನ ನೀರು ಬೇಡ. ಗಾಳಿಯ ತೇವಾಂಶ 60ರಿಂದ 80 ಶೇಕಡಾ ಇದ್ದರೆ ಗಿಡಕ್ಕೂ ನಿಮಗೂ ನೆಮ್ಮದಿ. ಶೇಕಡಾ 40ಕ್ಕಿಂತ ಕೆಳಗಿಳಿವ ಕಡೆ ಬರಿಬೇರಿನ ಹಟ ಬಿಟ್ಟು, ಬುಟ್ಟಿಗೆ ಹೆಬ್ಬೆರಳಿನಷ್ಟು ದಪ್ಪದ ಇದ್ದಿಲು ಅಥವಾ ತೊಗಟೆಯ ತುಂಡುಗಳನ್ನು ಸಡಿಲವಾಗಿ ಹಾಕುವುದು ಜಾಣತನ. ತುಂಡುಗಳ ನಡುವೆ ಗಾಳಿ ಓಡಾಡುವಷ್ಟು ಸಂದು ಇರಲೇಬೇಕು.

ನೀರು ಯಾವುದು ಎಂಬುದೂ ಮುಖ್ಯ. ಮಳೆನೀರಿಗೆ ಸಮನಾದದ್ದಿಲ್ಲ. ಕೊಳವೆಬಾವಿಯ ಗಡಸು ನೀರು ಒಣಗಿದಾಗ ಲವಣ ವೆಲಮೆನ್ನಿನಲ್ಲೇ ಉಳಿಯುತ್ತದೆ, ದಿನದಿನಕ್ಕೆ ಕೂಡಿ ಬೇರಿನ ಹಸಿರು ತುದಿಯನ್ನು ಸುಡುತ್ತದೆ. ನೀರಲ್ಲಿ ಕರಗಿದ ಲವಣ ಅಳೆಯುವ ಟಿಡಿಎಸ್ ಮೀಟರ್ ಇದ್ದರೆ 200 ಪಿಪಿಎಂಗಿಂತ ಕಡಿಮೆ ಇರುವ ನೀರು ಹುಡುಕಿ. ಬೇರೆ ದಾರಿಯಿಲ್ಲವೆಂದಾದರೆ ಗಡಸು ನೀರಿಗೆ ಅರ್ಧದಷ್ಟು ಮಳೆನೀರನ್ನೋ ಫಿಲ್ಟರ್ ನೀರನ್ನೋ ಬೆರೆಸಿ.

ಗೊಬ್ಬರ ತೆಳುವಾಗಿ, ಆಗಾಗ

ಕಾಡಿನಲ್ಲಿ ವಾಂಡಾಕ್ಕೆ ಗೊಬ್ಬರ ಸಿಗುವುದು ಮಳೆಯ ಮೊದಲ ಹನಿಗಳಲ್ಲಿ. ಎಲೆಗಳ ಮೇಲಿನ ಧೂಳು, ಹಕ್ಕಿ ಹಿಕ್ಕೆ, ಕೊಳೆತ ಎಲೆಯ ರಸ ಎಲ್ಲ ತೊಳೆದುಕೊಂಡು ಬರುವ ಆ ಮೊದಲ ನೀರೇ ಸಾರವುಳ್ಳದ್ದು. ಆಮೇಲೆ ಸುರಿಯುವುದು ಬಹುಮಟ್ಟಿಗೆ ಬರಿ ನೀರು. ಒಣ ವೆಲಮೆನ್ ಆ ಮೊದಲ ನೀರನ್ನು ಹೀರಿ ಸೆರೆಹಿಡಿಯುತ್ತದೆ ಎಂಬ ಊಹೆಯನ್ನು ಸಸ್ಯವಿಜ್ಞಾನಿ ಫ್ರಿಟ್ಸ್ ವೆಂಟ್ 1940ರಲ್ಲೇ ಮುಂದಿಟ್ಟಿದ್ದ. 2013ರಲ್ಲಿ ಪ್ರಕಟವಾದ ಪ್ರಯೋಗಗಳು ಅದನ್ನು ಎತ್ತಿಹಿಡಿದವು. ವೆಲಮೆನ್ನಿನ ಕೋಶಗಳ ಗೋಡೆ ಕೆಲವು ಲವಣಕಣಗಳನ್ನು ಅಂಟಿಸಿಕೊಂಡು, ಹಿಂದಿನಿಂದ ಬರುವ ಮಳೆಗೂ ಬಿಟ್ಟುಕೊಡುವುದಿಲ್ಲ.

ಇದರಿಂದ ತಿಳಿಯುವುದಿಷ್ಟು. ಗೊಬ್ಬರ ತೀರ ತೆಳುವಾಗಿದ್ದರೂ ಸಾಕು, ದಟ್ಟವಾದರೆ ಸುಡುತ್ತದೆ. 20-20-20 ಎಂದು ಬರೆದ (ಸಾರಜನಕ, ರಂಜಕ, ಪೊಟ್ಯಾಶ್ ಸಮಪಾಲಿನಲ್ಲಿರುವ), ನೀರಲ್ಲಿ ಪೂರ್ತಿ ಕರಗುವ ಪುಡಿಯನ್ನು ಲೀಟರಿಗೆ ಅರ್ಧ ಗ್ರಾಂ, ಅಂದರೆ 10 ಲೀಟರಿಗೆ 5 ಗ್ರಾಂ, ವಾರಕ್ಕೊಮ್ಮೆ. ಗೊಬ್ಬರಕ್ಕೆ ಮೊದಲು ಬೇರು ತೋಯಿಸಬೇಕೇ ಬೇಡವೇ ಎಂದು ಬೆಳೆಗಾರರಲ್ಲಿ ತಕರಾರಿದೆ. ಇಷ್ಟು ತೆಳುವಾದ ದ್ರಾವಣವನ್ನು ಒಣ ಬೇರಿಗೆ ನೇರವಾಗಿ ಕೊಡಬಹುದು, ಸ್ಪಾಂಜು ಮೊದಲೇ ಬರಿ ನೀರಿನಿಂದ ತುಂಬಿದ್ದರೆ ಗೊಬ್ಬರ ಹೆಚ್ಚಾಗಿ ಹೊರಗೇ ಹರಿದುಹೋಗುತ್ತದೆ. ಲೀಟರಿಗೆ 1 ಗ್ರಾಂಗಿಂತ ಹೆಚ್ಚು ಬಳಸುವವರು ಮಾತ್ರ ಮೊದಲು ತೋಯಿಸಿಕೊಳ್ಳಬೇಕು. ತಿಂಗಳಿಗೊಮ್ಮೆ ಗೊಬ್ಬರದ ಬದಲು ಬರಿ ನೀರನ್ನು ಧಾರಾಳವಾಗಿ ಹರಿಸಿ ಉಳಿದ ಲವಣ ತೊಳೆಯಿರಿ. ಸಗಣಿ, ಕಾಂಪೋಸ್ಟನ್ನು ಬೇರಿನ ಮೇಲೆ ಮೆತ್ತುವುದಂತೂ ಬೇಡ.

ಬೆಳಕೂ ಹೂವೂ

ಗಿಡ ಹಚ್ಚಹಸಿರಾಗಿ ಸೊಂಪಾಗಿದೆ, ಮೂರು ವರ್ಷವಾದರೂ ಹೂವಿಲ್ಲ. ಇಂಥ ವಾಂಡಾ ನೆರಳಲ್ಲಿದೆ ಎಂದು ನೋಡದೆಯೇ ಹೇಳಬಹುದು. ಕಡುಹಸಿರು ಈ ಗಿಡದಲ್ಲಿ ಆರೋಗ್ಯದ ಗುರುತಲ್ಲ. ತಿಳಿಹಸಿರಿಗೆ ಹಳದಿಯ ಛಾಯೆ, ಬಿಸಿಲು ತಾಗುವ ಕಡೆ ನೇರಳೆಯ ಸಣ್ಣ ಚುಕ್ಕೆಗಳು, ಇದು ಸರಿಯಾದ ಬೆಳಕಿನ ಬಣ್ಣ.

ಬೆಳಕನ್ನು ಅಳೆಯುವ ಮಾನ ಲಕ್ಸ್. ಬೇಕಾದದ್ದು ಸುಮಾರು 25,000ದಿಂದ 40,000 ಲಕ್ಸ್. ನಡುಹಗಲಿನ ಬಯಲ ಬಿಸಿಲು 1,00,000 ಲಕ್ಸಿನ ಆಸುಪಾಸಿನಲ್ಲಿರುತ್ತದೆ, ಆದ್ದರಿಂದ ಶೇಕಡಾ 60ರಿಂದ 75 ನೆರಳು ಕೊಡುವ ಶೇಡ್ ನೆಟ್ ಸರಿಹೋಗುತ್ತದೆ. ಮೀಟರ್ ಇಲ್ಲದವರು ಮಧ್ಯಾಹ್ನ ಎಲೆಯ ಒಂದು ಅಡಿ ಮೇಲೆ ಕೈ ಹಿಡಿಯಲಿ. ನೆರಳಿನ ಅಂಚು ಚೂಪಾಗಿ ಕೊರೆದಂತಿದ್ದರೆ ಬಿಸಿಲು ಹೆಚ್ಚು, ನೆರಳೇ ಬೀಳದಿದ್ದರೆ ತೀರ ಕಡಿಮೆ, ಆಕಾರ ತಿಳಿಯುವಂತಿದ್ದು ಅಂಚು ಮಸುಕಾಗಿದ್ದರೆ ಸರಿ. ನೆರಳಲ್ಲಿದ್ದ ಗಿಡವನ್ನು ಒಮ್ಮೆಲೆ ಬಿಸಿಲಿಗೆ ತಂದರೆ ಎಲೆ ಬೆಳ್ಳಗಾಗಿ, ಎರಡು ದಿನದಲ್ಲಿ ಒಣ ಕಾಗದದಂಥ ಕಂದು ಕಲೆಯಾಗುತ್ತದೆ. ಆ ಕಲೆ ಎಲೆ ಬೀಳುವವರೆಗೂ ಹೋಗದು. ಎರಡು ಮೂರು ವಾರಗಳಲ್ಲಿ ಸ್ವಲ್ಪಸ್ವಲ್ಪವೇ ಹೊರಗೆ ಸರಿಸಬೇಕು. ಉಷ್ಣತೆ ಹಗಲು 25–33 ಡಿಗ್ರಿ ಸೆಲ್ಸಿಯಸ್, ರಾತ್ರಿ 15ಕ್ಕಿಂತ ಕೆಳಗಿಳಿಯದಿದ್ದರೆ ಸಾಕು. ನೀಲಿ ವಾಂಡಾ ಎನ್ನುವ ವಾಂಡಾ ಸೆರುಲಿಯಾ ಮಾತ್ರ ಬೆಟ್ಟದ ಗಿಡ, ಇದಕ್ಕಿಂತ ತಂಪನ್ನೂ ತಡೆಯುತ್ತದೆ.

ಹೂದಂಟು ಏಳುವುದು ಎಲೆಯ ಕಂಕುಳಿನಿಂದ. ಬೇರೂ ಅಲ್ಲಿಂದಲೇ ಕಾಂಡ ಸೀಳಿ ಬರುವುದರಿಂದ ಮೊದಲ ವಾರ ಯಾವುದೆಂದು ಗೊತ್ತಾಗುವುದಿಲ್ಲ. ತುದಿ ನುಣುಪಾಗಿ ದುಂಡಗಿದ್ದರೆ ಬೇರು, ಚಪ್ಪಟೆಯಾಗಿ ಒಂದರ ಮೇಲೊಂದು ಪೊರೆ ಹೊದ್ದಂತಿದ್ದರೆ ಹೂವು. ಹೂಬಿಟ್ಟ ಕಂಕುಳಿನಿಂದ ಸಾಮಾನ್ಯವಾಗಿ ಮತ್ತೆ ಹೂ ಬರುವುದಿಲ್ಲ. ಹೊಸ ಎಲೆ ಬಂದಷ್ಟೂ ಹೊಸ ಹೂವಿಗೆ ಜಾಗ, ಬೆಳವಣಿಗೆ ನಿಂತರೆ ಹೂವೂ ನಿಲ್ಲುತ್ತದೆ. ಮೊಗ್ಗು ಬಲಿಯುವಾಗ ತನ್ನ ತೊಟ್ಟಿನ ಮೇಲೆ ಅರ್ಧ ಸುತ್ತು ತಿರುಗಿ, ಮೇಲಿದ್ದ ತುಟಿದಳವನ್ನು ಕೀಟ ಇಳಿಯುವ ಜಗಲಿಯಂತೆ ಕೆಳಗೆ ತರುತ್ತದೆ. ಹಾಗಾಗಿ ಮೊಗ್ಗಿರುವ ಗಿಡವನ್ನು ಬೆಳಕಿನತ್ತ ಅಡಿಗಡಿಗೆ ತಿರುಗಿಸಿದರೆ ಹೂವುಗಳು ದಿಕ್ಕಾಪಾಲಾಗಿ ಅರಳುತ್ತವೆ.

ಸಂಕರ ತಳಿಗಳ ಹೂವು ನಾಲ್ಕರಿಂದ ಆರು ವಾರ ಬಾಳುತ್ತದೆ. ಅದಕ್ಕೆ ಮುಂಚೆಯೇ ಬಾಡಿದರೆ ಪಕ್ಕದಲ್ಲಿ ಮಾಗುತ್ತಿರುವ ಬಾಳೆಹಣ್ಣಿದೆಯೇ ನೋಡಿ. ಹಣ್ಣು ಬಿಡುವ ಎಥಿಲೀನ್ ಅನಿಲಕ್ಕೆ ವಾಂಡಾ ಬಹಳ ಬೇಗ ಸೋಲುತ್ತದೆ. ಪರಾಗದ ಉಂಡೆ ಕಿತ್ತುಬಂದರೂ ಹೂವು ಬೇಗ ಬಾಡುತ್ತದೆ. ಆಗ ಎಥಿಲೀನ್ ಹುಟ್ಟುವುದು ಹೂವಿನೊಳಗೇ.

ಕೆಡುವುದು ಎಲ್ಲಿ

ಬುಡದ ಎಲೆ ವರ್ಷಕ್ಕೆ ಒಂದೆರಡು ಹಳದಿಯಾಗಿ ಉದುರುವುದು ಸಹಜ. ತಿಂಗಳಲ್ಲಿ ನಾಲ್ಕು ಉದುರಿದರೆ ಬೇರು ಪರೀಕ್ಷಿಸಬೇಕು. ಎಲೆಯುದ್ದಕ್ಕೂ ನೆರಿಗೆ ಬಿದ್ದಿದ್ದರೆ ಗಿಡಕ್ಕೆ ಬಾಯಾರಿಕೆ. ಆದರೆ ಬಾಯಾರಿಕೆಗೆ ಎರಡು ಕಾರಣ, ನೀರು ಸಿಗದಿರುವುದು ಒಂದು, ಕುಡಿಯಲು ಬೇರೇ ಉಳಿಯದಿರುವುದು ಇನ್ನೊಂದು. ಎರಡನೆಯದರಲ್ಲಿ ಇನ್ನಷ್ಟು ನೀರು ಸುರಿದರೆ ಕೆಟ್ಟದ್ದು ಇನ್ನೂ ಕೆಡುತ್ತದೆ. ಸತ್ತ ಬೇರು ತೆಗೆದು, ಗಿಡವನ್ನು ನೆರಳಿಗೆ ಸರಿಸಿ, ಸುತ್ತಲ ತೇವಾಂಶ ಹೆಚ್ಚಿಸಿ, ಹೊಸ ಬೇರು ಬರುವವರೆಗೆ ಗೊಬ್ಬರ ನಿಲ್ಲಿಸಿ ಕಾಯಬೇಕು. ಒಂದೆರಡು ತಿಂಗಳು ಹಿಡಿಯಬಹುದು.

ಎಲ್ಲಕ್ಕಿಂತ ಅಪಾಯ ಸುಳಿಕೊಳೆ. ಸಂಜೆ ಹಾಕಿದ ನೀರು ನಡುಸುಳಿಯಲ್ಲಿ ನಿಂತು, ರಾತ್ರಿ ಒಣಗದೆ, ಕೊಳೆರೋಗದ ಸೂಕ್ಷ್ಮಾಣುಗಳಿಗೆ ದಾರಿಯಾಗುತ್ತದೆ. ಸುಳಿಯೆಲೆ ಬುಡದಲ್ಲಿ ಕಪ್ಪಾಗಿ, ಮುಟ್ಟಿದರೆ ಕಳಚಿ ಕೈಗೆ ಬರುತ್ತದೆ. ಇರುವುದು ಒಂದೇ ಸುಳಿ, ಅದು ಹೋದರೆ ಗಿಡದ ಮೇಲ್ಬೆಳವಣಿಗೆ ಅಲ್ಲಿಗೆ ಮುಗಿಯಿತು. ಕಪ್ಪು ಭಾಗವನ್ನು ಆರೋಗ್ಯವಾದ ಬಿಳಿಹಸಿರು ತಿರುಳು ಕಾಣುವವರೆಗೆ ಕತ್ತರಿಸಿ, ಗಾಯಕ್ಕೆ ಶಿಲೀಂಧ್ರನಾಶಕ ಪುಡಿ ಹಚ್ಚಿ, ನಾಲ್ಕು ದಿನ ಒಣಗಲು ಬಿಟ್ಟರೆ ಬುಡದಿಂದ ಮರಿ ಹೊರಡುವ ಸಾಧ್ಯತೆ ಇದೆ.

ಬೆಳೆಗಾರರು ಥಾಯ್ ಕಾಯಿಲೆ ಎನ್ನುವ ಎಲೆಚುಕ್ಕೆ ಕಪ್ಪಗೆ, ಉದ್ದುದ್ದ ವಜ್ರಾಕಾರದಲ್ಲಿರುತ್ತದೆ. ಬೆರಳಾಡಿಸಿದರೆ ಉಪ್ಪುಕಾಗದದಂತೆ ಒರಟು, ಅದೇ ಗುರುತು. ಇದು ಶಿಲೀಂಧ್ರದ ಕೆಲಸ. ಹೆಚ್ಚು ಹತ್ತಿದ ಎಲೆ ತೆಗೆದು, ಎಲೆ ಬೇಗ ಒಣಗುವಂತೆ ಗಾಳಿ ಆಡಿಸಿದರೆ ಹತೋಟಿಗೆ ಬರುತ್ತದೆ. ಹೂದಳದ ಅಂಚು ಕಂದಾಗಿ ತರಚಿದಂತಿದ್ದರೆ, ಬೇರಿನ ಹಸಿರು ತುದಿ ಕೆರೆದಂತಾಗಿ ನಿಂತುಬಿಟ್ಟರೆ ಥ್ರಿಪ್ಸ್ ನುಸಿ. ಹಿಟ್ಟುತಿಗಣೆ ಎಲೆಯ ಕಂಕುಳಲ್ಲಿ ಬೆಳ್ಳಗೆ ಹತ್ತಿಯಂತೆ ಅಡಗಿರುತ್ತದೆ, ಕೆಲವೇ ಇದ್ದರೆ ಸ್ಪಿರಿಟ್ಟಿನಲ್ಲಿ ಅದ್ದಿದ ಹತ್ತಿಯಿಂದ ಒರೆಸಿದರೆ ಸಾಕು.

ಧೂಳಿನಂಥ ಬೀಜ, ನಿಧಾನದ ಗಿಡ

ಒಂದು ಕಾಯಿಯಲ್ಲಿ ಲಕ್ಷಗಟ್ಟಲೆ ಬೀಜ, ಆದರೆ ಒಂದೊಂದೂ ಧೂಳಿನ ಕಣ. ಮೊಳಕೆಗೆ ಬೇಕಾದ ಬುತ್ತಿ ಅದರೊಳಗಿಲ್ಲ. ಕಾಡಿನಲ್ಲಿ ತೊಗಟೆಯ ಮೇಲೆ ಸರಿಯಾದ ಶಿಲೀಂಧ್ರ ಎದುರಾಗಿ, ಬೀಜದೊಳಗೆ ಹೊಕ್ಕು, ಆಹಾರ ಒದಗಿಸಿದರೆ ಮಾತ್ರ ಮೊಳಕೆ. 1922ರಲ್ಲಿ ಅಮೆರಿಕದ ಲೂಯಿಸ್ ನಡ್ಸನ್ ಸಕ್ಕರೆ, ಲವಣ ಬೆರೆಸಿದ ಅಗರ್ ಜೆಲ್ಲಿಯ ಮೇಲೆ ಶಿಲೀಂಧ್ರದ ಹಂಗಿಲ್ಲದೆ ಆರ್ಕಿಡ್ ಬೀಜ ಮೊಳೆಸಬಹುದೆಂದು ತೋರಿಸಿದ. ಇಂದು ಮಾರಾಟವಾಗುವ ವಾಂಡಾಗಳ ಹಿಂದೆ ಇರುವುದು ಈ ವಿಧಾನ. ಆದರೂ ಗಾಜಿನ ಸೀಸೆಯ ಮೊಳಕೆ ಮೊದಲ ಹೂ ಬಿಡಲು ನಾಲ್ಕರಿಂದ ಏಳು ವರ್ಷ ಬೇಕು.

ಈಗಿನ ದೊಡ್ಡ ಹೂವಿನ ತಳಿಗಳಲ್ಲಿ ಎರಡು ಮನೆತನಗಳ ರಕ್ತ ಎದ್ದು ಕಾಣುತ್ತದೆ. ನೀಲಿ ಬಣ್ಣ ಮತ್ತು ಹೂದಳದ ಮೇಲಿನ ಜಾಲರಿ ಗೆರೆ ವಾಂಡಾ ಸೆರುಲಿಯಾದಿಂದ, ಅಗಲವಾದ ದುಂಡು ಹೂ ಫಿಲಿಪ್ಪೀನ್ಸ್‌ನ ಮಿಂಡನಾವೋ ದ್ವೀಪದ ವಾಂಡಾ ಸ್ಯಾಂಡೆರಿಯಾನಾದಿಂದ. ಇವೆರಡರ ಮಗು ವಾಂಡಾ ರಾಥ್ಸ್‌ಚೈಲ್ಡಿಯಾನಾ ದಾಖಲಾದದ್ದು 1931ರಲ್ಲಿ.

ಸೆರುಲಿಯಾ ಹೊರಜಗತ್ತಿಗೆ ತಿಳಿದದ್ದು 1837ರಲ್ಲಿ, ಸಸ್ಯವಿಜ್ಞಾನಿ ವಿಲಿಯಂ ಗ್ರಿಫಿತ್ ಮೇಘಾಲಯದ ಖಾಸಿ ಬೆಟ್ಟಗಳಲ್ಲಿ ಅದನ್ನು ಕಂಡಾಗ. 1850ರಲ್ಲಿ ಅಲ್ಲಿಗೆ ಹೋದ ಸಸ್ಯವಿಜ್ಞಾನಿ ಜೋಸೆಫ್ ಹುಕರ್ ಲಂಡನ್ನಿನ ಕ್ಯೂ ಉದ್ಯಾನಕ್ಕೆಂದು ಏಳು ಆಳು ಹೊರುವಷ್ಟು ಗಿಡ ಕೀಳಿಸಿದ, ಜೀವಸಹಿತ ತಲುಪಿದ್ದು ಕೆಲವೇ. ಅವನ ಜೊತೆ ಜಾಗ ನೋಡಿಬರಲು ತನ್ನ ಮಾಲಿಯನ್ನು ಕಳಿಸಿದ್ದ ಇನ್ನೊಬ್ಬನ ಒಂದು ಹೊರೆ ಗಿಡ, ಸೊರಗಿದ ಸ್ಥಿತಿಯಲ್ಲೇ 300 ಪೌಂಡಿಗೆ ಮಾರಾಟವಾಯಿತೆಂದು ಹುಕರನೇ ಬರೆದಿಟ್ಟಿದ್ದಾನೆ. ತೊಗಟೆಗೆ ಅಂಟಿದ ಬೇರು ಕಿತ್ತರೆ ವೆಲಮೆನ್ ಹರಿದುಹೋಗುತ್ತದೆ, ಅಂಥ ಗಿಡ ಹಡಗಿನಲ್ಲಿ ತಿಂಗಳುಗಟ್ಟಲೆ ಬದುಕುವುದಾದರೂ ಹೇಗೆ? ಈಗ ಭಾರತದಲ್ಲಿ ನೀಲಿ ವಾಂಡಾ 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯಡಿ ಸಂರಕ್ಷಿತ ಸಸ್ಯ. ಇಡೀ ವಾಂಡಾ ಕುಲ ಗಡಿ ದಾಟುವುದನ್ನು ಅಳಿವಿನಂಚಿನ ಜೀವಿಗಳ ಅಂತರರಾಷ್ಟ್ರೀಯ ವ್ಯಾಪಾರ ಕುರಿತ ಸೈಟಿಸ್ ಒಪ್ಪಂದದ ಎರಡನೇ ಪಟ್ಟಿ ನಿಯಂತ್ರಿಸುತ್ತದೆ. ಮಾರಾಟಕ್ಕಿಟ್ಟ ಗಿಡದ ಬೇರಿಗೆ ತೊಗಟೆಯ ಚೂರು ಅಂಟಿದ್ದು, ಬೇರುಗಳೆಲ್ಲ ಕಿತ್ತಂತೆ ಮೊಂಡಾಗಿದ್ದು, ಹಳೆಯೆಲೆ ತರಚಿ ಕಲ್ಲುಹೂ ಹತ್ತಿದ್ದರೆ ಅದು ಕಾಡಿನಿಂದ ಬಂದದ್ದೇ ಇರಬೇಕು.

ಉದ್ದವಾದ ಗಿಡ ಎರಡಾಗಿಸುವುದು

ವರ್ಷಗಳು ಕಳೆದಂತೆ ಕೆಳಗಿನ ಎಲೆ ಉದುರಿ ಕಾಂಡ ಬೋಳಾಗುತ್ತದೆ, ಹೊಸ ಬೇರುಗಳೆಲ್ಲ ಮೇಲಿನಿಂದ ಹೊರಡುತ್ತವೆ. ಆಗ ಕತ್ತರಿಸಬಹುದು. ಹೂವು ಮುಗಿದು, ಬೇರಿನ ತುದಿಗಳು ಹಸಿರಾಗಿ ಬೆಳೆಯುತ್ತಿರುವ ಬೆಚ್ಚಗಿನ ಕಾಲ ನೋಡಿಕೊಳ್ಳಿ. ಮೇಲಿನ ಭಾಗದಲ್ಲಿ ಕನಿಷ್ಠ ಮೂರು ಗಟ್ಟಿ ಬೇರು ಉಳಿಯುವಂತೆ ಜಾಗ ಗುರುತಿಸಿ, ಬೆಂಕಿಯಲ್ಲಿ ಕಾಯಿಸಿ ಆರಿಸಿದ ಚಾಕುವಿನಿಂದ ಒಂದೇ ಏಟಿಗೆ ಕತ್ತರಿಸಿ. ಎರಡೂ ಗಾಯಗಳಿಗೆ ಶಿಲೀಂಧ್ರನಾಶಕ ಪುಡಿ ಹಚ್ಚಿ, ಮೂರು ದಿನ ಗಾಯಕ್ಕೆ ನೀರು ತಾಗಿಸಬೇಡಿ. ಬುಡದ ತುಂಡಿಗೆ ಬೇರೂ ನಾಲ್ಕಾರು ಎಲೆಯೂ ಇದ್ದರೆ ಅದನ್ನು ಇದ್ದ ಬುಟ್ಟಿಯಲ್ಲೇ ಬಿಡಿ, ಕೆಲವು ತಿಂಗಳಲ್ಲಿ ಪಕ್ಕದಿಂದ ಮರಿ ಬರುತ್ತದೆ.

ಮೇಲಿನ ತುಂಡನ್ನು ಹೊಸ ಬುಟ್ಟಿಗೆ ಕೂರಿಸುವ ಮುನ್ನ ಬೇರುಗಳನ್ನು 20 ನಿಮಿಷ ನೆನೆಸಿ. ಒಣ ಬೇರು ಬಾಗಿಸಿದರೆ ಕಡ್ಡಿಯಂತೆ ಮುರಿಯುತ್ತದೆ, ನೆಂದದ್ದು ಬಳುಕುತ್ತದೆ. ಎರಡು ಮೂರು ಬೇರನ್ನು ಬುಟ್ಟಿಯ ಸಂದುಗಳಲ್ಲಿ ತೂರಿಸಿ, ಕಾಂಡವನ್ನು ಅಲುಗದಂತೆ ಬಟ್ಟೆಯ ಪಟ್ಟಿಯಿಂದ ಕಟ್ಟಿ. ಗಿಡ ಅಲ್ಲಾಡಿದರೆ ಹೊಸ ಬೇರಿನ ತುದಿ ಮರಕ್ಕೆ ಉಜ್ಜಿ ಉಜ್ಜಿ ಹಾಳಾಗುತ್ತದೆ. ಮುಂದೆ ಬುಟ್ಟಿ ಚಿಕ್ಕದಾದಾಗ ಅಂಟಿದ ಬೇರುಗಳನ್ನು ಬಿಡಿಸಲು ಹೋಗದೆ, ಹಳೆಯ ಬುಟ್ಟಿಯನ್ನೇ ಗಿಡಸಮೇತ ದೊಡ್ಡದೊಂದರೊಳಗೆ ಇಳಿಸಿದರಾಯಿತು.